ಅಕ್ಕನ ಮನೆಯ ನಿದ್ದೆ

ಗಾಜಿನ ಪೆಟ್ಟಿಗೆಯ ಮುಚ್ಚಳಕ್ಕೆ ಜ್ಞಾನಮ್ಮ ಎರಡೂ ಕೈ ಹಾಕಿ ಎತ್ತತೊಡಗಿದಾಗ ಪಕ್ಕದಲ್ಲಿ ನಿಂತಿದ್ದ ಸಿಸ್ಟರ್ ಗಾಬರಿಯಿಂದ ಬಂದು ತಡೆದರು. ಮುಟ್ಟುವಂತಿಲ್ಲ, ಕೈಮುಗಿದು ಮುಂದೆ ಹೋಗಬೇಕು ಎಂದರು. ಬಿಷಪ್ ಇನ್ನಾಸಪ್ಪನವರನ್ನು ಕೊನೆಯ ಸಲ ನೋಡಲು ಬಂದವರ ಸಾಲು ಬಳ್ಳಾರಿಯ ಕೆಥೆಡ್ರಲ್ಲಿನ ಬಾಗಿಲು ದಾಟಿ ಕಂಟೋನ್ಮೆಂಟಿನ ರಸ್ತೆಗೆ ಇಳಿದಿತ್ತು.

"ನಾ ಅವನ ಅಕ್ಕ ಅದೀನವ್ವ," ಎಂದಳು ಜ್ಞಾನಮ್ಮ. "ಒಂದ್ಸಲ ಮುಖ ಮುಟ್ಟತೀನಿ."

ಬಿಷಪ್ಪರಿಗೆ ಒಬ್ಬ ಅಕ್ಕ ಇದ್ದಾಳೆಂಬುದೇ ಆ ಸಿಸ್ಟರಿಗೆ ಗೊತ್ತಿರಲಿಲ್ಲ. ಬಿಷಪ್ಪರ ಕಾರ್ಯದರ್ಶಿ ಫಾದರ್ ರಾಯಪ್ಪ ಅವಳನ್ನು ಗುರುತಿಸಿ, ಬಂದು ಮುಚ್ಚಳ ತೆಗೆಸಿದರು. ತಲೆಯ ಮೇಲೆ ಬಿಳಿ ಮುಕುಟ, ಬೆರಳಲ್ಲಿ ಉಂಗುರ, ಕೈಗಳ ನಡುವೆ ಜಪಮಾಲೆ. ಜ್ಞಾನಮ್ಮ ತಮ್ಮನ ಕೆನ್ನೆಗೆ ಅಂಗೈ ಹಚ್ಚಿದಳು. ಆ ಥಂಡಿಗೆ ಕೈ ತಾನಾಗಿಯೇ ಹಿಂದಕ್ಕೆ ಬಂತು. ಅವಳು ಅಳಲಿಲ್ಲ. ಹಿಂದಿದ್ದವರು ಗಟ್ಟಿ ಹೆಂಗಸು ಎಂದುಕೊಂಡರು.

*

ಅಪ್ಪ ಸತ್ತ ಮೇಲೆ ರಾರಾವಿಯಲ್ಲಿ ಅವ್ವ ಮತ್ತು ಜ್ಞಾನಮ್ಮ ಕಂಡವರ ಗದ್ದೆಯಲ್ಲಿ ಸಸಿ ನೆಟ್ಟು ಮನೆ ನಡೆಸಿದರು. ತಮ್ಮ ಇನ್ನಾಸಿ ಚುರುಕು ಹುಡುಗ. ಊರಿಗೆ ಬರುತ್ತಿದ್ದ ಪಾದ್ರಿಗಳು ಅವನನ್ನು ಗುರುಮಠದಲ್ಲಿ ಪಾದ್ರಿಯಾಗಲು ಓದಿಸುತ್ತೇವೆಂದು ಕೇಳಿದಾಗ ಅವ್ವ ಹೂಂ ಅಂದಳು. ಸಿರುಗುಪ್ಪದ ಬಸ್ ಸ್ಟ್ಯಾಂಡಿಗೆ ಅವನ ಟ್ರಂಕು ಹೊತ್ತು ತಂದವಳು ಜ್ಞಾನಮ್ಮ. ಬಸ್ಸು ಹೊರಟಾಗ ಅವನು ಕಿಟಕಿಯಿಂದ, "ಲಗೂನ ಬರ್ತೀನಿ ಅಕ್ಕ," ಎಂದಿದ್ದ.

ಪಾದ್ರಿಯಾಗಿ ಕುರುಗೋಡಿಗೆ ಹೋದ. ಸೈಕಲ್ ಮೇಲೆ ಸುತ್ತಿನ ಊರುಗಳನ್ನೆಲ್ಲ ತಿರುಗಿದ, ಶಾಲೆ ಕಟ್ಟಿಸಿದ. ಅವ್ವ ತೀರಿಕೊಂಡಾಗ ಬಂದು ತಾನೇ ಪೂಜೆ ಮಾಡಿ ಮಣ್ಣು ಕೊಟ್ಟು, ಮರುದಿನ ಕುರುಗೋಡಿನಲ್ಲಿ ಯಾರದೋ ಮದುವೆ ಇದೆಯೆಂದು ಅದೇ ಸಂಜೆ ಹೊರಟ. ಮುಂದಿನ ಸಲ ನಾಲ್ಕು ದಿನ ಇರುತ್ತೇನೆ ಅಂದ. ಗಂಡನನ್ನು ಕಳಕೊಂಡು ಜ್ಞಾನಮ್ಮ ತವರಿಗೆ ಮರಳಿದಾಗಲೂ ಅದೇ ಮಾತು. ಬಿಷಪ್ ಆದ ಮೇಲಂತೂ ಅವನು ಮನೆಯೊಳಗೆ ಕೂತಿದ್ದಷ್ಟು ಹೊತ್ತೂ ಡ್ರೈವರ್ ಓಬಳೇಶ ಹೊರಗೆ ಗಡಿಯಾರ ನೋಡುತ್ತಿದ್ದ. ಒಂದು ರಾತ್ರಿಯೂ ತಂಗಲಿಲ್ಲ.

*

ಎಪ್ಪತ್ತೈದು ತುಂಬಿದ ಬಿಷಪ್ಪರು ರೋಮಿಗೆ ರಾಜೀನಾಮೆ ಕಳಿಸಬೇಕು. ಇನ್ನಾಸಪ್ಪ ಕಳಿಸಿದ; ಒಪ್ಪಿಗೆಯೂ ಬಂತು. ಹೊಸ ಬಿಷಪ್ ಬರುವವರೆಗೆ ಮಾತ್ರ ಕೆಲಸ ನೋಡಿಕೊಳ್ಳಬೇಕಿತ್ತು. ವಯಸ್ಸಾದ ಗುರುಗಳಿಗೆಂದು ಬಳ್ಳಾರಿಯಲ್ಲೇ ಮನೆ ಇತ್ತು. ಅಲ್ಲಿಗೆ ಬೇಡ, ಅಕ್ಕನ ಹತ್ತಿರ ಹೋಗುತ್ತೇನೆ ಎಂದು ಹಟ ಹಿಡಿದ. ಜ್ಞಾನಮ್ಮ ಕಾಳು ತುಂಬಿಡುತ್ತಿದ್ದ ಕೋಣೆಯನ್ನು ಖಾಲಿ ಮಾಡಿ ಸುಣ್ಣ ಬಳಿಸಿದಳು.

ಹೋದ ವಾರ ಅದನ್ನು ನೋಡಲು ಬಂದವನು, ನೋಡುತ್ತ ನೋಡುತ್ತ ಮಂಚದ ಮೇಲೆ ಅಡ್ಡಾದ. ನಿಲುವಂಗಿಯಲ್ಲೇ ನಿದ್ದೆ ಹೋದ. ಅವಳು ಹೊಸ್ತಿಲಲ್ಲಿ ಕೂತು, ಬಾಯಿ ತೆರೆದು ಮಲಗಿದ ಆ ಮುದುಕನಲ್ಲಿ ತನ್ನ ಇನ್ನಾಸಿಯನ್ನು ನೋಡುತ್ತಿದ್ದಳು. ಇಳಿಹೊತ್ತಾಯಿತು. ಕುರುಗೋಡಿನಲ್ಲಿ ಮಕ್ಕಳ ಹಣೆಗೆ ತೈಲ ಹಚ್ಚಿ ದೃಢೀಕರಣ ಸಂಸ್ಕಾರ ಕೊಡುವುದಿದೆ, ಜನ ಕಾಯುತ್ತಿದ್ದಾರೆ ಎಂದು ಓಬಳೇಶ ಬಾಗಿಲಿಗೆ ಬಂದ. ಜ್ಞಾನಮ್ಮ ತಮ್ಮನ ಭುಜ ಅಲುಗಿಸಿದಳು.

"ಇನ್ನೊಂದ್ ಗಳಿಗಿ ಬಿಡಕ್ಕ."

"ಏಳಪ್ಪಾ. ಮಕ್ಕಳು ಕಾಯ್ತಾವ."

ಎದ್ದು ಮುಖ ತೊಳೆದು ಹೋದ. ಆ ವಾರ ಕಳೆಯುವ ಮೊದಲೇ, ಬೆಳಗಿನ ಪ್ರಾರ್ಥನೆಗೆ ಕೂತಲ್ಲೇ ಎದೆ ಹಿಡಿದುಕೊಂಡನೆಂದು ಫಾದರ್ ರಾಯಪ್ಪ ಫೋನ್ ಮಾಡಿದರು.

*

ಪೂಜೆ ಮುಗಿದು, ಪೀಠದ ಪಕ್ಕದಲ್ಲಿ ನೆಲ ಅಗೆದಿದ್ದ ಸಮಾಧಿಗೆ ಪೆಟ್ಟಿಗೆಯನ್ನು ಇಳಿಸಿದರು. ತನಗೂ ರಾರಾವಿಯಲ್ಲಿ ಅವ್ವನ ಪಕ್ಕವೇ ಜಾಗ ಸಾಕು ಎಂದು ಅವನು ಹೇಳುತ್ತಿದ್ದುದನ್ನು ಜ್ಞಾನಮ್ಮ ಬೆಳಗ್ಗೆ ಫಾದರ್ ರಾಯಪ್ಪನವರ ಕಿವಿಗೆ ಹಾಕಿದ್ದಳು. ಬಿಷಪ್ಪರನ್ನು ಇಲ್ಲಿಯೇ ಇಡುವುದು ಪದ್ಧತಿ ಎಂದು ಅವರು ತಲೆ ತಗ್ಗಿಸಿದ್ದರು. ಮೊದಲ ಹಿಡಿ ಮಣ್ಣು ಅವಳಿಂದಲೇ ಹಾಕಿಸಿದರು.

ಹೊರಗೆ ಶಾಮಿಯಾನದಡಿ ಬಂದವರಿಗೆಲ್ಲ ಊಟಕ್ಕಿಟ್ಟರು. ತಟ್ಟೆ ಹಿಡಿದು ಮೆಟ್ಟಿಲ ಮೇಲೆ ಕೂತ ಜ್ಞಾನಮ್ಮನ ಪಕ್ಕದಲ್ಲಿ ಅವಳದೇ ವಯಸ್ಸಿನ ಹೆಂಗಸೊಬ್ಬಳು ಬಂದು ಕೂತಳು. ಕುರುಗೋಡಿನ ಹೊನ್ನೂರಮ್ಮ, ಇನ್ನಾಸಪ್ಪ ಅಲ್ಲಿದ್ದಷ್ಟು ಕಾಲ ಅಡುಗೆ ಮಾಡಿಹಾಕಿದ್ದವಳು. ತಾನು ಆ ಮತದವಳಲ್ಲದಿದ್ದರೂ ಮಕ್ಕಳ ದೃಢೀಕರಣದ ದಿನ ಚರ್ಚಿನೊಳಗೆ ಕೊನೆಯಲ್ಲಿ ನಿಂತು ನೋಡಿದ್ದಾಗಿ ಹೇಳಿದಳು.

"ಅವತ್ತು ಸ್ವಾಮ್ಯಾರು ಎಲ್ಲಾರ ಮುಂದ, ‘ನಾ ಇವತ್ತು ನಮ್ಮಕ್ಕನ ಮನ್ಯಾಗ ಮಲಗಿ ಬಂದೀನಿ. ಸಣ್ಣಾವಿದ್ದಾಗಿಂದ ಇಂಥಾ ನಿದ್ದಿ ಬಂದಿದ್ದಿಲ್ಲ’ ಅಂದ್ರು ನೋಡಬೇ. ಸಣ್ಣ ಹುಡುಗರಂಗ ನಗತಿದ್ರು."

ಜ್ಞಾನಮ್ಮ ತಟ್ಟೆಯನ್ನೇ ನೋಡುತ್ತಿದ್ದಳು.

"ನಾನ ಎಬ್ಬಿಸಿದ್ನಿ," ಎಂದಳು. "ಇನ್ನೊಂದ್ ಗಳಿಗಿ ಬಿಡು ಅಂದ. ಬಿಡಲಿಲ್ಲ ನಾ."

ಅಲ್ಲಿಗೆ ಅವಳ ದನಿ ಒಡೆಯಿತು. ಹೊನ್ನೂರಮ್ಮ ತನ್ನ ತಟ್ಟೆಯನ್ನು ಬದಿಗಿಟ್ಟು, ಜ್ಞಾನಮ್ಮನ ತಟ್ಟೆಯಿಂದ ಅನ್ನ ಸಾರು ಕಲಸಿ ಒಂದು ತುತ್ತು ಮಾಡಿ ಅವಳ ಬಾಯ ಹತ್ತಿರ ಹಿಡಿದಳು. ಜ್ಞಾನಮ್ಮ ಬೇಡವೆಂದು ತಲೆಯಾಡಿಸಿದಳು. ಜನ ಉಂಡು, ಕೈ ತೊಳೆದು, ಬಸ್ಸುಗಳತ್ತ ನಡೆಯತೊಡಗಿದ್ದರು. ಸಾರು ಮುಂಗೈಗೆ ಇಳಿಯುತ್ತಿದ್ದರೂ ಹೊನ್ನೂರಮ್ಮ ತುತ್ತು ಹಿಡಿದ ಕೈಯನ್ನು ಹಿಂದಕ್ಕೆ ತೆಗೆಯಲಿಲ್ಲ.