ಯುದ್ಧಕಾಲದ ಬೌಲರ್

ಶ್ರೀನಿವಾಸ್ ಮತ್ತೊಮ್ಮೆ ಒತ್ತಿದರು. ಪುರುಷೋತ್ತಮರ ಬಲಗೈ ಮೊಣಕೈಯಲ್ಲಿ ಬಾಗಿಕೊಂಡೇ ಇತ್ತು. ಶವಾಗಾರದ ತಂಪಿಗೆ ಸೆಟೆದಿರಬೇಕು, ಬಿಸಿನೀರು ಬಿದ್ದರೆ ಸಡಿಲವಾದೀತು ಎಂದರು. ನೈರೋಬಿಯಲ್ಲಿ ಅಣ್ಣತಮ್ಮಂದಿರು ಯಾರಿಗಿದ್ದಾರೆ? ಕನ್ನಡ ಸಂಘದ ಗಂಡಸರೇ ಸೇರಿ ಸ್ನಾನ ಮಾಡಿಸಿ ಪಂಚೆ ಉಡಿಸುವುದು. ಹೈರಿಡ್ಜ್‌ನ ಆ ಸಣ್ಣ ಫ್ಲ್ಯಾಟಿನಲ್ಲಿ ಜಾಗ ಸಾಲದೆ, ಮಗ ತುಷಾರ್ ಬಕೆಟ್ ಹಿಡಿದು ಬಾಗಿಲಲ್ಲೇ ನಿಂತಿದ್ದ.

ಅವನ ಹಿಂದಿನಿಂದ ತಾಯಿ ಜಯಾ ಹೇಳಿದರು: "ಒತ್ತಬೇಡಿ ಶ್ರೀನಿವಾಸ್. ಚಿಕ್ಕವರಿದ್ದಾಗ ಬಿದ್ದು ಮುರ್ಕೊಂಡಿದ್ರು. ಅದು ಯಾವತ್ತೂ ನೆಟ್ಟಗಾಗಿಲ್ಲ."

"ನಂಗೆ ಗೊತ್ತೇ ಇರ್ಲಿಲ್ಲ."

"ಯಾರಿಗೂ ಗೊತ್ತಾಗ್ಬಾರ್ದು ಅಂತ್ಲೇ ಫುಲ್ ಸ್ಲೀವ್ಸ್ ಹಾಕ್ತಿದ್ದಿದ್ದು. ನಾಚ್ಕೆ ಅವ್ರಿಗೆ."

ಶ್ರೀನಿವಾಸ್ ಆ ಕೈಯನ್ನು ಬಾಗಿದ್ದಂತೆಯೇ ಮೆಲ್ಲಗೆ ಕೆಳಗಿಟ್ಟರು.

*

ಎಪ್ಪತ್ತೊಂದರ ಯುದ್ಧದ ವರ್ಷ ರಾಜ್ಯ ತಂಡದ ವೇಗದ ಬೌಲರ್ ಸೈನ್ಯದ ಕರೆಗೆ ಹೋದಾಗ ಪುರುಷೋತ್ತಮರಿಗೆ ಎರಡು ಪಂದ್ಯ ಸಿಕ್ಕಿದ್ದವು. ಆತ ಮರಳಿದ, ಇವರ ಆಟ ಮುಗಿಯಿತು. ಆಮೇಲೆ ಎಂಜಿನಿಯರಾಗಿ ನೈರೋಬಿಯ ಪೇಂಟ್ ಕಾರ್ಖಾನೆಗೆ ಬಂದರು. ಆ ಪಂದ್ಯಗಳ ಮಾತನ್ನು ತಾವಾಗಿ ಎತ್ತಿದವರಲ್ಲ. ಯಾರಾದರೂ ಕೇಳಿದರೆ ಮಾತ್ರ ಮುಖ ಅರಳುತ್ತಿತ್ತು.

ಆ ಅರಳಿದ ಮುಖ ಕಂಡರೆ ಶ್ರೀನಿವಾಸರಿಗೆ ಹೊಟ್ಟೆಯುರಿ. ಸ್ವತಃ ಅವರು ಕ್ಲಬ್ಬಿನಿಂದ ಮೇಲಕ್ಕೆ ಆಡಿದವರಲ್ಲ. ಸಂಘದ ಭಾನುವಾರದ ಪಂದ್ಯವೊಂದರಲ್ಲಿ ಅವರು ಅಂಪೈರ್ ಆಗಿ ನಿಂತಿದ್ದಾಗ, ಐವತ್ತು ದಾಟಿದ ಪುರುಷೋತ್ತಮರು ಹುಡುಗರ ವಿಕೆಟ್ ಮೇಲೆ ವಿಕೆಟ್ ಕೀಳತೊಡಗಿದರು. ಶ್ರೀನಿವಾಸ್ ಕೈ ಚಾಚಿ ನೋ ಬಾಲ್ ಕೊಟ್ಟರು. ಮೊಣಕೈ ಮಡಿಸಿ ಕಲ್ಲೆಸೆದಂತೆ ಎಸೆಯುತ್ತಿದ್ದಾರೆ ಎಂದರು. ಅಷ್ಟಕ್ಕೆ ಸುಮ್ಮನಿರಬಾರದಿತ್ತೇ?

"ವಾರ್ ಟೈಮ್ ಮಾಲು ಇದು. ಬೇರೆ ಸಿಗದಿದ್ದಾಗ ನಡೀತಿತ್ತು."

ಮೈದಾನವೆಲ್ಲ ನಕ್ಕಿತು. ಪುರುಷೋತ್ತಮರೂ ನಕ್ಕಂತೆ ಮಾಡಿ ಚೆಂಡನ್ನು ಅವರ ಕೈಗಿತ್ತು ಹೊರಟರು. ಮತ್ತೆಂದೂ ಬೌಲ್ ಮಾಡಲಿಲ್ಲ.

*

ಮಡಿಸಿದ ಕೈಯನ್ನು ನೆಟ್ಟಗೆ ಮಾಡುತ್ತ ಎಸೆದರೆ ತಪ್ಪು. ನೆಟ್ಟಗಾಗಲು ಬಾರದ ಕೈಯದೇನು ತಪ್ಪು? ವ್ಯಾನಿನಲ್ಲಿ ದಾರಿಯುದ್ದಕ್ಕೂ ಶ್ರೀನಿವಾಸರಿಗೆ ಇದೇ. ಅಂದು ಆಡಿದವರೆಲ್ಲ ಪೋಸ್ಟಿಂಗ್ ಮುಗಿಸಿ ಬೆಂಗಳೂರಿಗೆ ಹೋಗಿಯಾಗಿತ್ತು. ಹೇಳಬೇಕಾದವರು ಅವರೊಬ್ಬರೇ.

ಚಿತಾಗಾರದಲ್ಲಿ ತುಷಾರ್ ಅವರ ಪಕ್ಕಕ್ಕೆ ಬಂದ. "ಅಂಕಲ್, ವಾಸ್ ಡ್ಯಾಡ್ ರಿಯಲಿ ಗುಡ್ ಅಟ್ ಕ್ರಿಕೆಟ್?"

ಉತ್ತರ ಕೊಟ್ಟವರು ಜಯಾ. "ಚೆನ್ನಾಗಿದ್ರು ಕಣೋ. ಯಾರೋ ಅಂಪೈರ್ ತಪ್ಪು ಅಂದ್ರಂತೆ, ಬಿಟ್ಬಿಟ್ರು. ಯಾರು ಅಂತ ಎಷ್ಟು ಕೇಳಿದ್ರೂ ಹೆಸ್ರು ಹೇಳ್ಲಿಲ್ಲ."

ಶ್ರೀನಿವಾಸ್ ಬಾಯಿ ತೆರೆದರು. ನಾನೇ ಎನ್ನುವ ಒಂದು ಮಾತು, ಅದೂ ಹೊರಡಲಿಲ್ಲ.

ತುಷಾರ್ ಬೆಂಕಿ ಇಟ್ಟ. ಎಲ್ಲರೂ ಕೈ ಮುಗಿದರು. ಶ್ರೀನಿವಾಸ್ ಮಾತ್ರ ತೋಳುಗಳನ್ನು ಎದೆಯ ಮೇಲೆ ಅಡ್ಡ ಹಾಯಿಸಿ, ಎಡಗೈಯಿಂದ ಬಲಭುಜವನ್ನೂ ಬಲಗೈಯಿಂದ ಎಡಭುಜವನ್ನೂ ಮುಟ್ಟಿ, ಚಿತೆಗೆ ಎದುರಾಗಿ ನಿಂತರು. ಕೊಟ್ಟ ತೀರ್ಪನ್ನು ಹಿಂದಕ್ಕೆ ಪಡೆಯುವಾಗ ಅಂಪೈರ್ ಮಾಡುವ ಸನ್ನೆ ಅದು. ಅಲ್ಲಿದ್ದ ಯಾರಿಗೂ ಅರ್ಥವಾಗಲಿಲ್ಲ.

"ಚಳಿನಾ ಶ್ರೀನಿವಾಸ್?" ಎಂದ ಜಯಾ, ತಾವು ಹೊದ್ದಿದ್ದ ಶಾಲು ತೆಗೆದು ಅವರ ಹೆಗಲಿಗೆ ಹೊದಿಸಿದರು.