ಮೇಲಿನ ಹೊಲದವನು ಬರುವವರೆಗೆ

ಸ್ಯೊಕಾವು ಅಮ್ಮನವರು ಸಮತಟ್ಟಾದ ನೆಲದ ಮೇಲೂ ಗುಡ್ಡ ಹತ್ತುವವರಂತೆ ನಡೆಯುತ್ತಿದ್ದರು. ನಮ್ಮ ರಾಜಧಾನಿಯ ಗಿಗಿರಿಯಲ್ಲಿ, ಎಲ್ಲ ದೇಶಗಳೂ ಸೇರುವ ಪರಿಸರ ಕಚೇರಿಯ ಆ ಉದ್ದನೆಯ ಮೊಗಸಾಲೆಯಲ್ಲಿ, ಹೊರಗೆ ಲೋಕದ ಬಾವುಟಗಳೆಲ್ಲ ಸಾಲಾಗಿ ಹಾರುತ್ತಿರುವಾಗ, ಇವರು ಮಾತ್ರ ಸೊಂಟವನ್ನು ತುಸು ಬಾಗಿಸಿ, ಹೆಜ್ಜೆಯನ್ನು ಊರಿ ಊರಿ ಇಡುತ್ತ, ಬೆನ್ನಿಗೆ ನೀರಿನ ಕ್ಯಾನು ಕಟ್ಟಿಕೊಂಡವರ ಹಾಗೆ ಬರುವರು. ಮೈಮೇಲೆ ಎಂದಿನ ಕಂದು ಸ್ವೆಟರು. ಮೊಣಕೈಯಲ್ಲಿ ಸವೆದು, ಹೊಲಿಗೆ ಕಂಡು, ಮತ್ತೆ ಸವೆದಿದ್ದ ಅದನ್ನೇ ರಾಯಭಾರಿಗಳ ಔತಣಕ್ಕೂ ತೊಟ್ಟು ಹೊರಡುತ್ತಿದ್ದರು.

"ಅಮ್ಮಾ, ಇವತ್ತಾದ್ರೂ ಬೇರೆ ಏನಾದ್ರೂ ಹಾಕ್ಕೊಳ್ಳಿ" ಎಂದು ನಾನು ಅಂದರೆ, "ಅವರು ನನ್ನ ಸ್ವೆಟರು ನೋಡೋಕೆ ಬರ್ತಾರೋ, ಕೋಳಿ ತಿನ್ನೋಕೆ ಬರ್ತಾರೋ?" ಎಂದು ಬಾಯಿ ಮುಚ್ಚಿಸುವರು.

ನಾನು ಕಿಸೀ ಸೀಮೆಯವನು, ಬಾಳೆಯ ನಾಡಿನವನು. ಅವರು ಮಚಾಕೋಸಿನ ಒಣಗುಡ್ಡಗಳ ಕಾಂಬಾ ಬುಡಕಟ್ಟಿನ ಹೆಣ್ಣುಮಗಳು. ದೇಶದೇಶಗಳ ಪ್ರತಿನಿಧಿಗಳು ಕೂತು ವಿಷವಸ್ತುಗಳ ಒಪ್ಪಂದವನ್ನು ಚರ್ಚಿಸುವ ಸಭೆಗೆ ಅವರು ಅಧ್ಯಕ್ಷೆ. ಪಕ್ಕದಲ್ಲಿ ಕೂತು ನಿಯಮಗಳನ್ನು ನೆನಪಿಸುವ ನೌಕರ ನಾನು. ಆ ನಿಯಮಗಳಿಗೆ ಅವರು ಎಷ್ಟು ಬೆಲೆ ಕೊಡುತ್ತಿದ್ದರೆಂಬುದು ಬೇರೆ ಮಾತು.

ಏಕೆಂದರೆ ಅವರ ಧರ್ಮಶಾಸ್ತ್ರವೆಲ್ಲ ಮ್ವೆಥ್ಯದಲ್ಲಿತ್ತು. ಅದು ಅವರೂರಿನ ಹೆಂಗಸರ ಮುಯ್ಯಾಳಿನ ಗುಂಪು: ಇವತ್ತು ನಿನ್ನ ಇಳಿಜಾರಿಗೆ ಬದು, ನಾಳೆ ನನ್ನದಕ್ಕೆ. ಹಾಡು ಹೇಳಿಕೊಂಡು ಗುದ್ದಲಿ ಎತ್ತಿದ ಆ ಕೈಗಳೇ ಬೋಳುಬಿದ್ದ ಗುಡ್ಡಗಳನ್ನು ಮತ್ತೆ ಹಸಿರುಗೊಳಿಸಿದ್ದವು. ಕೆಲಸ ತಪ್ಪಿಸಿದವಳಿಗೆ ಅಲ್ಲಿ ದಂಡವಿಲ್ಲ, ಬೈಗುಳವಿಲ್ಲ. ಮರುದಿನ ಹೊಲದ ಅಂಚಿನಲ್ಲಿ ನಿಂತು ಎಲ್ಲರ ಮುಖ ನೋಡಿ ಕಾರಣ ಹೇಳಬೇಕು, ಅಷ್ಟೇ. ಈ ಪದ್ಧತಿಯನ್ನು ಅಮ್ಮ ಯಾವ ಸಂಕೋಚವೂ ಇಲ್ಲದೆ ಗಿಗಿರಿಗೆ ತಂದಿದ್ದರು. ಸಭೆಗೆ ತಡವಾಗಿ ಬಂದವರು ಮುಂದಿನ ಸಾಲಿನ ಪ್ರತಿಯೊಬ್ಬರ ಕೈಕುಲುಕಿ ಕ್ಷೇಮ ವಿಚಾರಿಸಿಯೇ ಕೂರಬೇಕಾಗಿತ್ತು. ಒಬ್ಬ ಹಿರಿಯ ರಾಯಭಾರಿ ಮೊದಲ ದಿನ ಕೆಂಡವಾದರು, ಎರಡನೆಯ ದಿನ ನಕ್ಕರು, ಆಮೇಲೆ ಎಲ್ಲರಿಗಿಂತ ಮೊದಲೇ ಬಂದು ಕೂರತೊಡಗಿದರು.

ಅಮ್ಮನವರ ತಂಗಿ ನ್ದುಂಗೆ ಊರಿನಲ್ಲೇ ಇದ್ದಳು. ಕಿಥುವಾನಿ ಎಂಬ ಆ ಊರಿನ ಸಹಕಾರಿ ಗೋದಾಮಿನಲ್ಲಿ, ಯಾವ ಕಾಲದಲ್ಲೋ ದೂರದೇಶದಿಂದ ದಾನವಾಗಿ ಬಂದ ಕೀಟನಾಶಕದ ಡ್ರಮ್ಮುಗಳು ಅವಧಿ ಮೀರಿ, ತುಕ್ಕು ಹಿಡಿದು, ತಳ ಸೋರಿ ನಿಂತಿದ್ದವು. ಇಳಿಜಾರಿನ ಕೆಳಗಿದ್ದ ನ್ದುಂಗೆಯ ಬಾವಿಯ ನೀರು ಕುಡಿಯಬಾರದೆಂದು ಪರೀಕ್ಷೆಯವರು ಹೇಳಿ ಎಷ್ಟೋ ಕಾಲವಾಗಿತ್ತು. ಕಳಿಸಿದ ದೇಶ ವಾಪಸು ಒಯ್ಯತಕ್ಕದ್ದೆಂದು ಒಪ್ಪಂದವೇನೋ ಹೇಳುತ್ತಿತ್ತು. ಒಯ್ದಿರಾ ಎಂದು ಕೇಳುವವರು ಮಾತ್ರ ಯಾರೂ ಇರಲಿಲ್ಲ. ನ್ದುಂಗೆ ಒಮ್ಮೆ ಅಕ್ಕನ ಜೊತೆ ಗಿಗಿರಿಗೆ ಬಂದವಳು ಬಾವುಟಗಳ ಸಾಲನ್ನು ನೋಡುತ್ತ ಹೇಳಿದ ಮಾತು ನನಗಿನ್ನೂ ನೆನಪಿದೆ.

"ಅಲ್ಲಕ್ಕಾ, ಇಷ್ಟು ಬಾವುಟ ಇದಾವಲ್ಲ, ಬಾವುಟಕ್ಕೊಬ್ಬರು ಬಂದು ಒಂದೊಂದು ಡ್ರಮ್ಮು ಹೊತ್ಕೊಂಡು ಹೋಗಿದ್ರೆ ಒಂದೇ ದಿನಕ್ಕೆ ಮುಗೀತಿತ್ತಲ್ಲ!"

 ಒಯ್ದಿರಾ ಎಂದು ಕೇಳುವವರೊಬ್ಬರು ಬೇಕು, ಅದಕ್ಕೊಂದು ಉಸ್ತುವಾರಿ ಸಮಿತಿ ಆಗಲೇಬೇಕು ಎಂಬ ಹಟ ಆಗಲೇ ಅಮ್ಮನವರಲ್ಲಿ ಬೇರುಬಿಟ್ಟಿತ್ತು.

ಸಮಿತಿಯ ಪ್ರಸ್ತಾವ ಬಂದಾಗ ಉಳಿದ ದೇಶಗಳು ಹೇಗೋ ಒಪ್ಪಿದವು. ಆಲ್ಡನ್ ಎಂಬ ಪ್ರತಿನಿಧಿ ಮಾತ್ರ ಜಗ್ಗಲಿಲ್ಲ. ಆ ಡ್ರಮ್ಮುಗಳು ಬಂದದ್ದು ಆತನ ದೇಶದಿಂದಲೇ. ಒಬ್ಬರು ಬೇಡವೆಂದರೂ ತೀರ್ಮಾನವಾಗದೆಂಬುದು ನಮ್ಮ ಸಭೆಯ ಕಟ್ಟಳೆ. ಕೊನೆಯ ದಿನ ಮಧ್ಯಾಹ್ನ, ಇನ್ನೇನು ಎಲ್ಲ ಮುರಿದುಬಿತ್ತು ಎನ್ನುವಾಗ, ಆಲ್ಡನ್ನಿಗೆ ತನ್ನ ರಾಜಧಾನಿಯಿಂದ ಕರೆ ಬಂದು ಆತ ಫೋನು ಹಿಡಿದು ಹೊರಗೆ ಹೋದ. ಆತನ ದೇಶದ ಕುರ್ಚಿ ಬರಿದಾಯಿತು. ಇಡೀ ಸಭಾಂಗಣ ಅಮ್ಮನವರತ್ತ ತಿರುಗಿತು. ಆಕ್ಷೇಪವಿಲ್ಲವೆಂದು ಘೋಷಿಸಿ ಅಧ್ಯಕ್ಷರು ಮರದ ಸುತ್ತಿಗೆ ಬಡಿದರೆ ಮುಗಿಯಿತು. ಎದ್ದುಹೋದವನು ಆಮೇಲೆ ಕೂಗಾಡಿ ಪ್ರಯೋಜನವಿಲ್ಲ.

"ಅಮ್ಮಾ, ಹೊಡೆದುಬಿಡಿ! ನಿಯಮದಲ್ಲಿ ಅವಕಾಶ ಇದೆ" ಎಂದು ನಾನು ಪಿಸುಗುಟ್ಟಿದೆ.

"ಸುಮ್ನಿರೋ ಬಾಳೆತೋಟದವನೇ. ಮೇಲಿನ ಹೊಲದವನು ಇಲ್ಲದಾಗ ಬದು ಹಾಕಿದ್ರೆ ಮೊದಲನೇ ಮಳೆಗೆ ಕೊಚ್ಚಿಹೋಗೋದು ಯಾರ ಮಣ್ಣು? ಅವನದಾ, ನನ್ನದಾ?"

"ಅವನು ವಾಪಸ್ ಬಂದು ಬೇಡ ಅಂದ್ರೆ? ನಿಮ್ಮ ತಂಗಿಗೆ ಏನು ಹೇಳ್ತೀರಿ?"

ಈ ಮಾತು ಅವರಿಗೆ ನಾಟಿತು; ಮುಖ ಕಪ್ಪಿಟ್ಟಿತು. ಆದರೂ ಸುತ್ತಿಗೆಯನ್ನು ಮೇಜಿನ ಆಚೆಬದಿಗೆ ತಳ್ಳಿ, ಧ್ವನಿವರ್ಧಕದಲ್ಲಿ, "ಒಬ್ಬರು ಹೊರಗಿದಾರೆ, ಬರಲಿ. ಅಲ್ಲೀವರೆಗೆ ಚಾ ಕುಡೀರಿ" ಎಂದರು. ನನಗೆ ಬಂದ ಸಿಟ್ಟು ಅಷ್ಟಿಷ್ಟಲ್ಲ. ಕೈಗೆ ಬಂದ ತುತ್ತು ಬಾಯಿಗೆ ಬರದಂತೆ ಮಾಡಿದ ಹಠಮಾರಿ ಮುದುಕಿ ಎಂದು ಮನಸ್ಸಿನಲ್ಲೇ ಬೈದುಕೊಂಡೆ.

ಆಲ್ಡನ್ ಬಾಗಿಲಲ್ಲಿ ನಿಂತು ಒಮ್ಮೆ ಸಭೆಯನ್ನೂ ಒಮ್ಮೆ ಸುತ್ತಿಗೆಯನ್ನೂ ನೋಡಿದ. ಅರ್ಥವಾಗದಷ್ಟು ಹೊಸಬನೇನಲ್ಲ. ನೇರ ಅಮ್ಮನವರ ಬಳಿಗೇ ಬಂದ.

"ನಾನಿಲ್ಲದಾಗ ಮುಗಿಸಬಹುದಿತ್ತಲ್ಲ?"

"ಮುಗಿಸಬಹುದಿತ್ತು. ಆದ್ರೆ ನೀವು ನಾಳೆಯಿಂದ ಇತ್ತ ತಲೆ ಹಾಕ್ತಿರಲಿಲ್ಲ. ಡ್ರಮ್ಮು ಹೊರಬೇಕಾದವರೇ ನೀವು, ನೀವಿಲ್ಲದ ಸಮಿತಿ ಇಟ್ಕೊಂಡು ನಾನೇನು ಮಾಡಲಿ?"

ಆತ ಮತ್ತೆ ಹೊರಗೆ ಹೋಗಿ ಬಹಳ ಹೊತ್ತು ಫೋನಿನಲ್ಲಿ ಮಾತಾಡಿದ. ಬಂದು, ಪ್ರಸ್ತಾವದಲ್ಲಿರುವ ದಂಡದ ಷರತ್ತನ್ನು ಕೈಬಿಟ್ಟರೆ ಸಮಿತಿಗೆ ಒಪ್ಪಿಗೆಯಿದೆ, ಪ್ರತಿ ವರ್ಷ ಎಲ್ಲರೆದುರು ನಿಂತು ಉತ್ತರ ಕೊಡುತ್ತೇವೆ ಎಂದ. ಹಲ್ಲು ಕಿತ್ತ ಹಾವಿನಂಥ ಸಮಿತಿ ಎಂದು ನಾನು ಮುಖ ಕಿವಿಚಿದೆ. ಅಮ್ಮ ಮಾತ್ರ ಮಳೆ ಬಂದಷ್ಟು ಸಂಭ್ರಮದಲ್ಲಿ ತಟ್ಟನೆ ಒಪ್ಪಿ, ಎಲ್ಲರ ಕಣ್ಣೆದುರು ಸುತ್ತಿಗೆ ಬಡಿದರು. "ದಂಡ ಕಟ್ಟಿದವನು ಮರೆತುಬಿಡ್ತಾನೆ ಕಣೋ. ಅಂಚಿನಲ್ಲಿ ನಿಂತವನು ಮರೆಯಲ್ಲ" ಎಂದು ನನಗೆ ಮಾತ್ರ ಕೇಳುವಂತೆ ಹೇಳಿದರು.

ಮೊದಲ ವರ್ಷ ಆಲ್ಡನ್ ನಿಂತು, ಪರಿಶೀಲನೆ ನಡೆಯುತ್ತಿದೆ ಎಂದ. ಮರುವರ್ಷವೂ ಅದನ್ನೇ ಹೇಳುವಾಗ ಆತನ ದನಿ ಅರ್ಧಕ್ಕೆ ಇಳಿದಿತ್ತು. ಪುಟ್ಟ ಪುಟ್ಟ ದ್ವೀಪಗಳ ಪ್ರತಿನಿಧಿಗಳು ಕೂಡ ಕನ್ನಡಕ ಏರಿಸಿಕೊಂಡು ಆತನನ್ನೇ ನೋಡುತ್ತಿದ್ದರು. ಮೂರನೆಯ ಸಭೆ ಹತ್ತಿರವಾದಾಗ ಕಿಥುವಾನಿಗೆ ಆತನ ದೇಶ ಕಳಿಸಿದ, ಬಿಳಿಯ ನಿಲುವಂಗಿ, ಮುಖವಾಡ ತೊಟ್ಟವರು ಲಾರಿ ತಂದರು. ಆ ದಿನ ನಾನೂ ಹೋಗಿದ್ದೆ. ಕೊನೆಯ ಡ್ರಮ್ಮು ಏರಿದ ಮೇಲೆ ನ್ದುಂಗೆ ಖಾಲಿ ಗೋದಾಮಿನತ್ತ ಕೈ ತೋರಿಸಿ ಅಕ್ಕನನ್ನು ಛೇಡಿಸಿದಳು.

"ಇಷ್ಟೇನಾ? ಇದಕ್ಕೆ ಇಷ್ಟು ವರ್ಷ ಮಾತಾಡಿದ್ರಾ?"

"ಮಾತಾಡಿದ್ದಕ್ಕೇ ಹೋಯ್ತು ಕಣೇ" ಎಂದರು ಅಮ್ಮ. ಆಮೇಲೆ ಬಾವಿಯ ಕಟ್ಟೆಯ ಮೇಲೆ ಕೂತು ಅತ್ತುಬಿಟ್ಟರು. ನೀರು ಕುಡಿಯಲು ಇನ್ನೂ ಕೆಲವು ವರ್ಷ ಕಾಯಬೇಕೆಂದು ಪರೀಕ್ಷೆಯವರು ಹೇಳಿದ್ದರು. ಕಾದರಾಯಿತು, ಇನ್ನು ಮೇಲಿಂದ ಹೊಸ ವಿಷ ಇಳಿಯುವುದಿಲ್ಲವಲ್ಲ ಎಂದು ನ್ದುಂಗೆಯೇ ಅಕ್ಕನನ್ನು ಸಮಾಧಾನಪಡಿಸಿದಳು.

ಇಂಥವರನ್ನು ಲೋಕ ಹೆಚ್ಚಾಗಿ ಗುರುತಿಸುವುದಿಲ್ಲ. ಮುಗಿಯದ ಸಭೆಗಳಲ್ಲಿ, ಆರಿದ ಚಹದ ಲೋಟಗಳ ನಡುವೆ ಕೂತಿರುವ ಇವರನ್ನು ಕಂಡು, ಇವರಿಂದ ಏನಾದೀತು ಎಂದು ನನ್ನಂಥ ಅವಸರದವರು ಮೂಗು ಮುರಿಯುತ್ತೇವೆ. ಆದರೆ ಎದುರಾಳಿ ಎದ್ದುಹೋದ ಗಳಿಗೆಯಲ್ಲೂ ಅವನ ಜಾಗವನ್ನು ಕಾಯ್ದಿಡುವವರು ಇವರು. ಗಾಳಿಗೂ ನೀರಿಗೂ ಗಡಿಯಿಲ್ಲದ ಈ ಭೂಮಿಯ ಮೇಲೆ ಯಾರನ್ನೂ ಹೊರಗಿಟ್ಟು ಯಾರೂ ಉಳಿಯಲಾರರೆಂಬುದನ್ನು ಪುಸ್ತಕದಿಂದಲ್ಲ, ಕೆಳಗಿನ ಹೊಲದಲ್ಲಿ ಬದುಕಿ ಕಲಿತವರು. ಗೆಲ್ಲುವುದಕ್ಕಿಂತ ಕಷ್ಟದ ಕೆಲಸ ಒಟ್ಟಿಗೆ ಕೂರಿಸುವುದು, ಅದನ್ನು ಮಾಡುವವರು ಇನ್ನೂ ಇದ್ದಾರೆ.