ಒಂದು ಸ್ವರ ಬಿಟ್ಟು

ಮಂಚದ ಕೆಳಗೆ ಅರ್ಧ ತೂರಿಕೊಂಡು ಅವಳು ಕಪ್ಪು ಪೆಟ್ಟಿಗೆಯನ್ನು ಎಳೆಯುತ್ತಿದ್ದಳು. ಅತ್ತೆ ಬಕೆಟ್ಟು ಹಿಡಿದು ಬಾಗಿಲಲ್ಲಿ ನಿಂತಿದ್ದರು. ನಿನ್ನೆ ಮಗನನ್ನು ಸ್ಮಶಾನಕ್ಕೆ ಕಳಿಸಿಕೊಟ್ಟವರು ಇವತ್ತು ಬೆಳಗಾಗುತ್ತಲೇ ನೆಲ ಒರೆಸಲು ಹೊರಟಿದ್ದರು. ಸುಮ್ಮನೆ ಕೂತರೆ ಆಗದು ಎಂಬುದು ಇಬ್ಬರಿಗೂ ಗೊತ್ತಿತ್ತು.

ಪೆಟ್ಟಿಗೆಯಲ್ಲಿದ್ದದ್ದು ಹಳೆಯ ಅಕಾರ್ಡಿಯನ್. ಯಾರದೆಂದು ಕೇಳಿದಳು. ಥಿಯೇಟರಿನಲ್ಲಿ ನಟರಿಗೆ ಬಟ್ಟೆ ಹೊಲಿಯುವ ಅಕ್ಕನದು, ಎಂದರು ಅತ್ತೆ. ಅವಳ ತಮ್ಮ ನುಡಿಸುತ್ತಿದ್ದನಂತೆ. ಅವನು ತೀರಿಕೊಂಡ ಮೇಲೆ ಇವಳ ಗಂಡ ಕೇಳಿ ತಂದಿದ್ದ. ತಂದದ್ದನ್ನು ವಾಪಸ್ಸು ಕೊಡುವುದು ಇವನ ಜಾಯಮಾನದಲ್ಲೇ ಇರಲಿಲ್ಲ.

"ಆ ತಮ್ಮ ಟ್ಯೂನ್ ಏನಾದ್ರೂ ಮಾಡ್ತಿದ್ನಾ ಅತ್ತೆ?"

ಅತ್ತೆ ಬಟ್ಟೆ ಹಿಂಡುವುದನ್ನು ನಿಲ್ಲಿಸಿದರು. "ಯಾಕೆ ಕೇಳ್ತೀಯ?"

ಸುಮ್ಮನೆ, ಎಂದು ಅವಳು ಪೆಟ್ಟಿಗೆ ಎತ್ತಿಕೊಂಡಳು. ಅದು ಅಂದುಕೊಂಡದ್ದಕ್ಕಿಂತ ಭಾರವಿತ್ತು.

*

ಹಿಂದಿನ ದಿನ ಮನೆಯ ಮುಂದೆ ಬಾಡಿಗೆ ಕುರ್ಚಿಗಳು ಸಾಲದೆ ಜನ ರಸ್ತೆಯವರೆಗೂ ನಿಂತಿದ್ದರು. ಸಿನಿಮಾದವರು ಒಂದು ಕಡೆ, ನಾಟಕದವರು ಇನ್ನೊಂದು ಕಡೆ. ನಾಟಕದವರು ತಮಾಷೆ ಮಾಡಿಕೊಂಡೇ ಕಣ್ಣೊರೆಸಿಕೊಳ್ಳುತ್ತಿದ್ದರು. ಅವನ ಮೊದಲ ಸಂಗೀತವನ್ನೆಲ್ಲ ಜನ ಕೇಳಿದ್ದು ಕತ್ತಲಲ್ಲೇ ಅಂತೆ. ದೃಶ್ಯ ಬದಲಾಗುವಾಗ ರಂಗದ ಮೇಲೆ ಮಂಚ ಎಳೆಯುವ ಸದ್ದು ಮುಚ್ಚಲು ಬರೆಸಿದ್ದಂತೆ. 'ಮಂಚ ಹೋಗೋಕೆ ಎಷ್ಟೊತ್ತು ಬೇಕು?' ಎಂದು ಕೇಳಿಕೊಂಡು, ಅಷ್ಟುದ್ದಕ್ಕೆ ಸರಿಯಾಗಿ ಟ್ಯೂನ್ ಕತ್ತರಿಸಿ ಕೊಡುತ್ತಿದ್ದನಂತೆ. ಆಮೇಲೆ ಅವನ ಒಂದು ಹಾಡು ಸಿನಿಮಾಕ್ಕೆ ಹೋಯಿತು, ಅವನೂ ಅದರ ಹಿಂದೆಯೇ ಹೋದ. ಕೊನೆಗೆ ರೆಕಾರ್ಡಿಂಗ್ ನಡುವೆ ಕುರ್ಚಿಯಲ್ಲೇ ಎದೆ ಹಿಡಿದುಕೊಂಡ.

ಹೊರಡುವ ಮುಂಚೆ ವಾದ್ಯದವರು ಅದೇ ಹಾಡನ್ನು ನುಡಿಸಿದರು. ಅವಳು ಮುಖ ತೊಳೆಯಲು ಹಿತ್ತಲ ನಲ್ಲಿಗೆ ಹೋಗಿದ್ದಾಗ ಗೋಡೆಯ ಆಚೆ ಪಿಟೀಲಿನವರು ಡ್ರಮ್ಮಿನವರಿಗೆ ಹೇಳುತ್ತಿದ್ದುದು ಕೇಳಿಸಿತು.

"ಇದು ಅವನ ಕೈಯಲ್ಲ ಕಣಯ್ಯ. ಹತ್ತೋವಾಗ ಒಂದು ಸ್ವರ ಬಿಟ್ಟು ಹಾರುತ್ತೆ, ಇಳಿಯೋವಾಗ್ಲೂ ಅಲ್ಲೇ ಹಾರುತ್ತೆ. ಅವನ ಬೇರೆ ಒಂದು ಹಾಡಲ್ಲಾದ್ರೂ ಹಾಗಿದ್ಯಾ?"

"ಹೋಗ್ಲಿ ಬಿಡು, ಹೆಣ ಇನ್ನೂ ಮನೇಲಿದೆ."

"ಅದಕ್ಕೇ ಮೆತ್ತಗೆ ಹೇಳ್ತಿದೀನಿ."

ನಲ್ಲಿ ನಿಲ್ಲಿಸುವುದನ್ನು ಅವಳು ಮರೆತಳು.

ಆ ನೆಗೆತ ಅವಳದು. ಮದುವೆಯಾದ ಹೊಸತರಲ್ಲಿ ಅವನೇ ಹೇಳಿದ್ದ: ನೀನು ಮೆಟ್ಟಿಲು ಹತ್ತೋವಾಗ ಒಂದನ್ನ ಬಿಟ್ಟು ಹಾರ್ತೀಯಲ್ಲ, ಅದನ್ನೇ ಹಾಗೇ ಇಟ್ಟಿದೀನಿ. ಅವನು ಹೆಚ್ಚು ಮಾತಿನವನಲ್ಲ. ತಿಂಗಳುಗಟ್ಟಲೆ ಸ್ಟುಡಿಯೋದಲ್ಲಿ ಬಿದ್ದಿರುತ್ತಿದ್ದಾಗ, ಮನೆಗೆ ಬಂದರೂ ಬಾರದವನಂತಿದ್ದಾಗ, ಅವಳು ಆ ಒಂದು ಮಾತನ್ನು ಹಿಡಿದುಕೊಂಡೇ ಸಂಸಾರ ಮಾಡಿದ್ದಳು. ಅದನ್ನು ಯಾರಿಗೂ ಹೇಳಿರಲಿಲ್ಲ. ಹಾಡೇ ಬೇರೆಯವರದಾದರೆ ಆ ಮಾತು ಯಾರದು?

*

ಥಿಯೇಟರಿನ ಹಿಂಭಾಗದ ಕೋಣೆಯಲ್ಲಿ ಬಟ್ಟೆ ಅಕ್ಕ ರಾಜನ ನಿಲುವಂಗಿಯೊಂದಕ್ಕೆ ಗುಂಡಿ ಹಾಕುತ್ತಿದ್ದಳು. ಇವಳನ್ನು ಕಂಡು ಸೂಜಿಯನ್ನು ತನ್ನ ಸೆರಗಿಗೇ ಚುಚ್ಚಿಕೊಂಡು ಎದ್ದು ಬಂದಳು. ಇವಳ ಎರಡೂ ಕೈ ಹಿಡಿದುಕೊಂಡಳು. ಇವಳು ಮೆಲ್ಲಗೆ ಬಿಡಿಸಿಕೊಂಡು ಪೆಟ್ಟಿಗೆಯನ್ನು ಮೇಜಿನ ಮೇಲಿಟ್ಟಳು.

"ಅಕ್ಕ, ಆ ಹಾಡು ನಿಮ್ಮ ತಮ್ಮಂದಾ?"

ಅಕ್ಕ ನಕ್ಕೇಬಿಟ್ಟಳು. "ನನ್ನ ತಮ್ಮಂದೇ? ಅವನಿಗೆ ಎದುರಿಗಿಟ್ಟಿದ್ದನ್ನ ನುಡಿಸೋದು ಬಿಟ್ರೆ ಸ್ವಂತಕ್ಕೆ ಒಂದು ಸಿಳ್ಳೆ ಹಾಕೋಕೂ ಬರ್ತಿರ್ಲಿಲ್ಲ ಕಣಮ್ಮ. ನಿನ್ನ ಗಂಡಂದೇ ಅದು. ಇಲ್ಲೇ ಹುಟ್ಟಿದ್ದು, ಈ ಬಟ್ಟೆಗಳ ಮಧ್ಯ."

ಇವಳ ಎದೆಯಿಂದ ಏನೋ ಇಳಿದಂತಾಯಿತು. ಅಕ್ಕ ಪೆಟ್ಟಿಗೆ ತೆರೆದು, ವಾದ್ಯವನ್ನು ಮಗುವಿನಂತೆ ಮಡಿಲಿಗೆ ಎಳೆದುಕೊಂಡಳು.

"ತಮ್ಮ ಒಂದ್ಸಲ ಬೀಳಿಸಿದ್ದ. ಆವತ್ತಿಂದ ಇದ್ರಲ್ಲಿ ಒಂದು ಸ್ವರ ಸತ್ತೋಗಿದೆ. ಬೇಡಪ್ಪ ಅಂದೆ. ಪರವಾಗಿಲ್ಲ ಅಕ್ಕ, ಅದನ್ನ ಬಿಟ್ಟೇ ಮಾಡ್ತೀನಿ ಅಂದ. ಆ ನಾಟಕದವ್ರು ಟ್ಯೂನ್ ಬೇಡ ಅಂದ್ರು. ಹಾಗೇ ಇಟ್ಕೊಂಡಿದ್ದ, ಪಾಪ." ನಂತರ ನೆನಪು ಮಾಡಿಕೊಂಡು ಹೇಳಿದಳು, "ಆಗಿನ್ನೂ ನೀನು ಬಂದಿರ್ಲಿಲ್ಲ."

ಇವಳು ವಾದ್ಯದ ಹತ್ತಿರ ಸರಿದಳು.

"ಯಾವುದು ಸತ್ತಿರೋದು?"

ಅಕ್ಕ ತೋರಿಸಿ, ಎರಡೂ ಕೈಯಿಂದ ತಿದಿಯನ್ನು ಅಗಲಿಸಿದಳು. ಇವಳು ಬಗ್ಗಿ ಆ ಬಿಳಿ ಪಟ್ಟಿಯ ಮೇಲೆ ಬೆರಳಿಟ್ಟು ಒತ್ತಿದಳು. ಅಕ್ಕ ನಿಧಾನವಾಗಿ ತಿದಿಯನ್ನು ಮುಚ್ಚತೊಡಗಿದಳು. ಸ್ವರ ಬರಲಿಲ್ಲ. ಗಾಳಿ ಮಾತ್ರ ಬಂತು, ಬೆಚ್ಚಗೆ, ಇವಳ ಮಣಿಕಟ್ಟಿನ ಮೇಲೆ. ತಿದಿ ಪೂರ್ತಿ ಮುಚ್ಚಿಕೊಳ್ಳುವವರೆಗೂ ಇವಳು ಬೆರಳೆತ್ತಲಿಲ್ಲ.